ಕಾಲು ನೋಯುವ ಕೋಳಿಗೆ ಉಗುರು ತೆಗೆಯುವುದು

ತಿಪ್ಪೆ ಕೆದರಿ ತಿನ್ನುವ ಕೋಳಿಗೆ ನಮ್ಮ ಹಿರಿಯರು ಯಾರೂ ಉಗುರು ತೆಗೆದವರಲ್ಲ. ತೆಗೆಯುವ ಅಗತ್ಯವೂ ಇರಲಿಲ್ಲ. ಬೆಳಗ್ಗೆ ಮಂಕರಿ ಎತ್ತಿದರೆ ಸಂಜೆವರೆಗೂ ಅದು ನೆಲ ಕೆರೆಯುತ್ತೆ, ಉಗುರು ಬೆಳೆದಷ್ಟೂ ಸವೆದು ಹೋಗುತ್ತೆ. ಹಾಗಾಗಿ ಒಂದು ಕೋಳಿಗೆ ಉಗುರು ಉದ್ದ ಬಂದು ಬಾಗಿದೆ ಅಂದರೆ, ಅದು ಕೆರೆಯೋದು ಬಿಟ್ಟಿದೆ ಅಂತ ಅರ್ಥ. ಯಾಕೆ ಬಿಟ್ಟಿತು ಅಂತ ನೋಡದೆ ಕತ್ತರಿ ಹಿಡಿಯಬಾರದು.

ಬಿಡೋದಕ್ಕೆ ಕಾರಣ ಬಹಳ ಇಲ್ಲ. ಒಂದೋ ಅದನ್ನು ಚಿಕ್ಕ ಗೂಡಿನಲ್ಲೋ ತಂತಿ ಪಂಜರದಲ್ಲೋ ಕೂಡಿ ಹಾಕಿರುತ್ತೀರಿ. ಇಲ್ಲ, ವಯಸ್ಸಾಗಿ ಒಂದೇ ಕಡೆ ಕೂರುತ್ತೆ. ಇಲ್ಲ, ಕಾಲು ನೋಯುತ್ತೆ. ಕಷ್ಟ ಇರೋದು ಈ ಮೂರನೇದರಲ್ಲಿ. ಕಾಲು ನೋಯುವ ಕೋಳಿ ಕೆರೆಯೋದಿಲ್ಲ, ಕೆರೆಯದಿದ್ದರೆ ಉಗುರು ಬೆಳೆಯುತ್ತೆ. ಉದ್ದ ಉಗುರು ನೆಲಕ್ಕೆ ತಾಗಿ ಬೆರಳನ್ನು ಮೇಲಕ್ಕೆ ಎತ್ತುತ್ತೆ, ಇಲ್ಲವೇ ಪಕ್ಕಕ್ಕೆ ತಿರುಚುತ್ತೆ. ಆಗ ಮೈಭಾರವೆಲ್ಲ ಅಂಗಾಲಿನ ನಡುವಿನ ಮೆತ್ತನೆ ಭಾಗದ ಮೇಲೆ ಬೀಳುತ್ತೆ. ನೋವಿರೋದೂ ಅಲ್ಲೇ. ನೋವು ಹೆಚ್ಚಾಗುತ್ತೆ, ಕೋಳಿ ಇನ್ನೂ ಕಡಿಮೆ ಓಡಾಡುತ್ತೆ, ಉಗುರು ಇನ್ನೂ ಬೆಳೆಯುತ್ತೆ. ಗಾಣದೆತ್ತಿನ ಸುತ್ತು ಇದ್ದ ಹಾಗೆ. ಇದನ್ನು ಎರಡೂ ಕಡೆಯಿಂದ ಬಿಡಿಸಬೇಕು. ಬರೀ ಉಗುರು ಕತ್ತರಿಸಿ ಬಿಟ್ಟರೆ ಎರಡು ತಿಂಗಳಿಗೆ ಮತ್ತೆ ಅದೇ ಕಥೆ.

ಮೊದಲು ಅಂಗಾಲು ನೋಡಿ

ನಮ್ಮ ಪಾವಗಡ ಸೀಮೆಯಲ್ಲಿ ಈ ನೋವಿಗೆ ದೊಡ್ಡ ಕಾರಣ ಬಳ್ಳಾರಿ ಜಾಲಿ. ಬದುವಿನ ಮೇಲೆ, ಕೆರೆ ಅಂಗಳದಲ್ಲಿ, ಹಿತ್ತಲ ಬೇಲಿಯಲ್ಲಿ ಎಲ್ಲೆಲ್ಲೂ ಅದೇ. ಸೌದೆಗೆ ಕಡಿದು ಒಟ್ಟಿದ ಕಡೆ ಮುಳ್ಳು ಉದುರಿರುತ್ತೆ. ಹುಳಹುಪ್ಪಟೆ ಜಾಸ್ತಿ ಇರೋದೂ ಅಲ್ಲೇ, ಕೋಳಿಗೆ ಕೆಲಸ ಇರೋದೂ ಅಲ್ಲೇ. ಮುಳ್ಳು ಚುಚ್ಚಿದ ಸಣ್ಣ ತೂತಿನಿಂದ ರೋಗಾಣು ಒಳಗೆ ಸೇರುತ್ತೆ. ಹೆಚ್ಚಾಗಿ ಇದು ಸ್ಟೆಫೈಲೊಕಾಕಸ್ ಅನ್ನುವ ಜಾತಿಯದು, ನಮ್ಮ ಚರ್ಮದ ಮೇಲೂ ಇರುವಂಥದ್ದೇ. ಮುಳ್ಳಿಲ್ಲದೆಯೂ ಬರಬಹುದು. ಎತ್ತರದ ಅಟ್ಟಣೆಯಿಂದ ಗಟ್ಟಿ ನೆಲಕ್ಕೆ ದಿನಾ ಧುಮುಕಿ ಅಂಗಾಲು ಜಜ್ಜಿದರೂ ಸಾಕು, ಹಿಕ್ಕೆ ಕೊಳೆತು ಸದಾ ಒದ್ದೆ ಇರುವ ಗೂಡಾದರೂ ಸಾಕು. ಭಾರದ ಕೋಳಿಗೆ ಬೇಗ ಬರುತ್ತೆ. ಹೆಬ್ಬಾಳದಿಂದ ಬಂದ ಗಿರಿರಾಜ ತಳಿ ನಾಟಿ ಕೋಳಿಗಿಂತ ಎಷ್ಟೋ ತೂಕ. ಅದನ್ನು ನಾಟಿ ಕೋಳಿಯ ಹಾಗೆ ಎತ್ತರದಲ್ಲಿ ಮಲಗಿಸಿದರೆ ಕಾಲು ತಡೆಯೋದಿಲ್ಲ.

ನಮ್ಮ ಮನೆಯಲ್ಲಿ ಏಳು ವರ್ಷದ ನಾಟಿ ಹೇಂಟೆ ಒಂದಿದೆ. ಮೊಟ್ಟೆ ನಿಲ್ಲಿಸಿ ಬಹಳ ದಿನವಾಯಿತು. ಸಾರಿಗೆ ಹಾಕೋಣ ಅಂದರೆ ಮೊಮ್ಮಗಳು ಊಟ ಬಿಡುತ್ತಾಳೆ. ಅದಕ್ಕೆ ಹೋದ ವರ್ಷ ಎಡಗಾಲಿನ ಅಂಗಾಲಲ್ಲಿ ಕರೀ ಹಕ್ಕಳೆ ಕಟ್ಟಿತು. ನೋಡೋದಕ್ಕೆ ನಮ್ಮ ಕಾಲಿಗೆ ಬರುವ ಆಣಿ ಇದ್ದ ಹಾಗೆ. ಒಂಟಿ ಕಾಲಲ್ಲಿ ನಿಲ್ಲುತ್ತಿತ್ತು, ಕಾಳು ಚೆಲ್ಲಿದರೂ ಕೊನೆಗೆ ಬರುತ್ತಿತ್ತು. ಆ ಕಾಲನ್ನು ಮುಟ್ಟಿದರೆ ಮನೆ ಹಾರಿಹೋಗುವಂತೆ ಕೂಗು. ಉಗುರು ಅಷ್ಟು ಹೊತ್ತಿಗೆ ಕುಡುಗೋಲಿನ ಹಾಗೆ ಬಾಗಿತ್ತು. ಮನೆಯವರೆಲ್ಲ ಮೊದಲು ಉಗುರು ತೆಗಿ ಅಂದರು. ನಾನು ಮೊದಲು ಹತ್ತು ದಿನ ಕಾಲು ನೆನೆಸಿದೆ, ಆಮೇಲೆ ಉಗುರಿಗೆ ಕೈಹಾಕಿದೆ.

ನೆನೆಸುವುದು ಅಂದರೆ ಇಷ್ಟೇ. ಅಗಲವಾದ ಬೋಗುಣಿಗೆ ಉಗುರು ಬೆಚ್ಚಗಿನ ನೀರು, ಹೇಂಟೆಯ ಕಣಕಾಲು ಮುಳುಗುವಷ್ಟು. ನೀರಿನ ಬಿಸಿಯನ್ನು ನಿಮ್ಮ ಮಣಿಕಟ್ಟಿನ ಒಳಭಾಗಕ್ಕೆ ಮುಟ್ಟಿಸಿ ನೋಡಿ, ಕೈಬೆರಳನ್ನು ನಂಬಬೇಡಿ. ನೇಗಿಲು ಹಿಡಿದ ಬೆರಳಿಗೆ ಬಿಸಿ ಗೊತ್ತಾಗೋದಿಲ್ಲ. ಅದಕ್ಕೆ ಒಂದು ಹಿಡಿ ಎಪ್ಸಮ್ ಉಪ್ಪು, ಸಿಗದಿದ್ದರೆ ಎರಡು ಚಮಚ ಅಡುಗೆ ಉಪ್ಪು. ಹತ್ತರಿಂದ ಹದಿನೈದು ನಿಮಿಷ ನಿಲ್ಲಿಸಿ. ಮೊದಲ ದಿನ ಒದ್ದಾಡುತ್ತೆ, ಮೂರನೇ ದಿನಕ್ಕೆ ಕಣ್ಣು ಮುಚ್ಚಿ ನಿಲ್ಲುತ್ತೆ. ಆಮೇಲೆ ಒಣಬಟ್ಟೆಯಿಂದ ಒತ್ತಿ ಒರಸಿ, ಪೊವಿಡೋನ್ ಅಯೋಡಿನ್ ಹಚ್ಚಿ, ಒಣ ಹುಲ್ಲಿನ ಮೇಲೆ ಬಿಡಿ. ಇದರಿಂದ ಎರಡು ಕೆಲಸ. ಅಂಗಾಲು ಶುದ್ಧವಾಗುತ್ತೆ, ಉಗುರೂ ಮೆತ್ತಗಾಗುತ್ತೆ. ಒಣಗಿದ ಉಗುರು ಕತ್ತರಿಗೆ ಸಿಕ್ಕಿದರೆ ಉದ್ದಕ್ಕೆ ಸೀಳುತ್ತೆ. ನೆನೆದದ್ದು ಸೀಳೋದಿಲ್ಲ.

ಆ ಹಕ್ಕಳೆಯನ್ನು ಬ್ಲೇಡು ಹಾಕಿ ಕಿತ್ತು ಕೀವು ಹಿಂಡುವವರಿದ್ದಾರೆ. ಬೇಡ. ಕೋಳಿಯ ಕೀವು ನಮ್ಮದರ ಹಾಗೆ ಹರಿಯುವಂಥದ್ದಲ್ಲ. ಅದು ಒಳಗೆ ಗಟ್ಟಿಯಾಗಿ ಗಿಣ್ಣಿನ ಹಾಗೆ ಗಂಟು ಕಟ್ಟಿರುತ್ತೆ. ಹಿಂಡಿದರೆ ಹೊರಗೆ ಬರೋದಿಲ್ಲ, ರೋಗ ಒಳಕ್ಕೆ ಇಳಿಯುತ್ತೆ. ಹಕ್ಕಳೆ ಚಿಕ್ಕದಿದ್ದರೆ ನೆನೆಸಿ, ಜಾಗ ಒಣಗಿಸಿ ಇಟ್ಟರೆ ಮಾಗುತ್ತೆ. ಅಂಗಾಲು ಊದಿದ್ದರೆ, ಮುಟ್ಟಿದರೆ ಬಿಸಿ ಇದ್ದರೆ, ಊತ ಬೆರಳಿಗೋ ಗಂಟಿಗೋ ಏರಿದ್ದರೆ ಪಶು ಆಸ್ಪತ್ರೆಗೆ ಒಯ್ಯಿರಿ. ಒಂದು ಕೋಳಿಗೆ ಆಸ್ಪತ್ರೆಯೇ ಅಂತ ದಾರಿಯಲ್ಲಿ ನಾಲ್ಕು ಜನ ನಗುತ್ತಾರೆ, ನಗಲಿ. ಆ ಕಾಲು ಮುಟ್ಟಿದ ಮೇಲೆ ನಿಮ್ಮ ಕೈಯನ್ನು ಸೋಪು ಹಾಕಿ ತೊಳೆಯೋದು ಮರೆಯಬೇಡಿ, ಆ ರೋಗಾಣು ನಮ್ಮ ಗಾಯಕ್ಕೂ ಸೇರಬಲ್ಲದು.

ನೋವಿಗೆ ಅಂತ ಮನೆಯಲ್ಲಿರುವ ಮಾತ್ರೆ ಪುಡಿ ಮಾಡಿ ಕೊಡೋದಂತೂ ಮಾಡಲೇಬೇಡಿ. ನೋವಿನ ಔಷಧಿ ಹಕ್ಕಿಗಳ ಮೂತ್ರಪಿಂಡಕ್ಕೆ ಏನು ಮಾಡಬಲ್ಲದು ಅನ್ನೋದನ್ನು ರಣಹದ್ದುಗಳಿಂದ ನಮ್ಮ ದೇಶ ಕಲಿತಿದೆ. ಡೈಕ್ಲೊಫೆನಾಕ್ ಕೊಟ್ಟ ದನ ಸತ್ತಾಗ ಅದನ್ನು ತಿಂದ ಹದ್ದುಗಳು ರಾಶಿ ರಾಶಿ ಸತ್ತವು. 2006ರಲ್ಲಿ ದನಗಳಿಗೆ ಆ ಔಷಧಿ ತಯಾರಿಸುವುದನ್ನೇ ಸರ್ಕಾರ ನಿಲ್ಲಿಸಿತು. ಕೋಳಿಗೆ ನೋವಿನ ಔಷಧಿ ಯಾವುದು, ಎಷ್ಟು ಅನ್ನೋದನ್ನು ಡಾಕ್ಟರೇ ಹೇಳಲಿ.

ಇನ್ನೊಂದು ಕಾಯಿಲೆ ನೋಡಿಕೊಳ್ಳಿ. ಕೆಲವು ಕೋಳಿಗಳಿಗೆ ಅಂಗಾಲು ಚೆನ್ನಾಗಿರುತ್ತೆ, ಆದರೆ ಕಾಲಿನ ಮೇಲಿನ ಹುರುಪೆಗಳು ಎದ್ದು, ಸುಣ್ಣ ಮೆತ್ತಿದ ಹಾಗೆ ಬೆಳ್ಳಗೆ ದಪ್ಪಗಾಗಿರುತ್ತೆ. ಅದು ಕಣ್ಣಿಗೆ ಕಾಣದಷ್ಟು ಸಣ್ಣ ನುಸಿ. ಹುರುಪೆಯ ಅಡಿಯಲ್ಲಿ ಬಿಲ ತೋಡಿಕೊಂಡಿರುತ್ತೆ. ಅಂಥ ಕಾಲೂ ಮುಟ್ಟಿಸಿಕೊಳ್ಳೋದಿಲ್ಲ. ನಮ್ಮ ಕಡೆ ಇದಕ್ಕೆ ಸೀಮೆಎಣ್ಣೆ, ಸುಟ್ಟ ಇಂಜಿನ್ ಆಯಿಲ್ ಹಚ್ಚುತ್ತಾರೆ. ಅದು ನುಸಿಯ ಜೊತೆಗೆ ಕೋಳಿಯ ಚರ್ಮವನ್ನೂ ಸುಡುತ್ತೆ. ಬೆಚ್ಚಗಿನ ನೀರಿನಲ್ಲಿ ನೆನೆಸಿ, ಸಡಿಲವಾದ ಹುರುಪೆಯನ್ನು ಹಳೇ ಹಲ್ಲುಜ್ಜುವ ಬ್ರಷ್ಷಿನಿಂದ ಮೆಲ್ಲಗೆ ತಿಕ್ಕಿ, ಕೊಬ್ಬರಿ ಎಣ್ಣೆಯನ್ನೋ ವ್ಯಾಸಲೀನನ್ನೋ ದಪ್ಪಗೆ ಬಳಿದರೆ ನುಸಿಗೆ ಉಸಿರುಕಟ್ಟುತ್ತೆ. ದಿನ ಬಿಟ್ಟು ದಿನ ಮೂರು ನಾಲ್ಕು ವಾರ ಮಾಡಬೇಕು. ಏಳುತ್ತಿರುವ ಹುರುಪೆಯನ್ನು ಕೀಳಬಾರದು. ಒಂದಕ್ಕಿದ್ದರೆ ಗೂಡಿನ ಉಳಿದವಕ್ಕೂ ಇರುತ್ತೆ ಅಂತ ತಿಳಿದು ಎಲ್ಲವಕ್ಕೂ ಹಚ್ಚಿ.

ಹಿಡಿಯುವ ಬಗೆ

ಹೊತ್ತು ನೋಡಿ ಹಿಡಿಯಬೇಕು. ಸಂಜೆ ಗೂಡಿಗೆ ಸೇರಿ ಒಂದು ಗಳಿಗೆ ಕಳೆದ ಮೇಲೆ ಒಳ್ಳೇದು. ಕತ್ತಲಲ್ಲಿ ಕೋಳಿಗೆ ಕಣ್ಣು ಕಾಣೋದು ಕಡಿಮೆ, ಅಟ್ಟಿಸಿಕೊಂಡು ಹೋಗುವ ಕೆಲಸ ಇಲ್ಲ, ಎತ್ತಿಕೊಂಡರೂ ಸುಮ್ಮನಿರುತ್ತೆ. ಬೇಸಿಗೆ ಮಧ್ಯಾಹ್ನ ಅಂತೂ ಈ ಕೆಲಸ ಬೇಡವೇ ಬೇಡ. ಕೋಳಿಗೆ ಬೆವರಿಲ್ಲ, ಬಾಯಿ ತೆರೆದು ತೇಕುವುದೇ ಅದರ ಬೆವರು. ನಮ್ಮ ಏಪ್ರಿಲ್ ಬಿಸಿಲಲ್ಲಿ ಬಟ್ಟೆ ಸುತ್ತಿ ಹಿಡಿದರೆ ಉಗುರಿಗಿಂತ ಮುಂಚೆ ಪ್ರಾಣ ಹೋಗುತ್ತೆ.

ಇಬ್ಬರು ಬೇಕು. ಒಬ್ಬರು ಕೂತು, ಹಳೇ ಟವಲಿನಲ್ಲಿ ರೆಕ್ಕೆ ಸೇರಿಸಿ ಸುತ್ತಿ, ಕೋಳಿಯನ್ನು ತೊಡೆ ಮೇಲೆ ಇಟ್ಟುಕೊಳ್ಳಬೇಕು. ತಲೆ ಅವರ ಕಂಕುಳ ಕಡೆಗಿರಲಿ, ಕಣ್ಣಿನ ಮೇಲೆ ಬಟ್ಟೆಯ ತುದಿ ಇರಲಿ, ಮೂಗು ಮುಚ್ಚದಿರಲಿ. ಎದೆ ಒತ್ತಲೇಬಾರದು. ನಮ್ಮ ಹೊಟ್ಟೆ-ಎದೆ ನಡುವೆ ಉಸಿರಾಟಕ್ಕೆ ಒಂದು ಪರದೆ ಇದೆಯಲ್ಲ, ಹಕ್ಕಿಗೆ ಅದಿಲ್ಲ. ಎದೆಮೂಳೆ ಮುಂದೆ ಹಿಂದೆ ಆಡಿದರೇನೇ ಅದಕ್ಕೆ ಉಸಿರು. ಬಿಗಿಯಾಗಿ ಅಮುಕಿದರೆ ಬಾಯಿ ಮೂಗು ತೆರೆದಿದ್ದರೂ ಉಸಿರುಕಟ್ಟಿ ಸಾಯುತ್ತೆ. ಕಾಲು ಕಟ್ಟಿ ತಲೆಕೆಳಗೆ ನೇತು ಹಾಕಿ ಉಗುರು ತೆಗೆಯುವವರನ್ನೂ ನೋಡಿದ್ದೇನೆ. ಸಂತೆಗೆ ಒಯ್ಯುವಾಗಲೂ ಅದು ತಪ್ಪೇ, ನೋವಿನ ಕಾಲಿಗಂತೂ ಮೈಭಾರವೆಲ್ಲ ಜಗ್ಗಿದಂತೆ.

ಬೆರಳು ಬಿಡಿಸುವುದರಲ್ಲಿ ಒಂದು ಗುಟ್ಟಿದೆ. ಕೋಳಿ ಕಾಲು ಮಡಿಸಿದರೆ ಹಿಂದಿನ ನರ ಎಳೆದು ಬೆರಳು ತಾನಾಗಿ ಮುಷ್ಟಿ ಕಟ್ಟುತ್ತೆ. ಕೊಂಬೆ ಮೇಲೆ ನಿದ್ದೆಯಲ್ಲಿ ಬೀಳದೆ ಕೂರೋದಕ್ಕೆ ದೇವರು ಮಾಡಿಕೊಟ್ಟ ಏರ್ಪಾಡು ಅದು. ಮಡಿಸಿದ ಕಾಲಿನ ಬೆರಳನ್ನು ನೀವು ಬಲವಂತವಾಗಿ ಬಿಡಿಸಲು ಹೋದರೆ ಅಂಗಾಲಿನ ಗಾಯ ಹರಿಯುತ್ತೆ. ಕಾಲನ್ನು ಮೆಲ್ಲಗೆ ನೀಟಿಸಿ, ಬೆರಳು ತಾನೇ ಸಡಿಲವಾಗುತ್ತೆ. ಆಮೇಲೆ ಒಂದೊಂದೇ ಬೆರಳನ್ನು, ಉಗುರಿನ ಹಿಂದಿನ ಗಿಣ್ಣಿನಲ್ಲಿ ಹೆಬ್ಬೆರಳು ತೋರುಬೆರಳಿಂದ ಹಿಡಿಯಿರಿ. ಕತ್ತರಿಯ ಜಗ್ಗು ಅಲ್ಲಿಗೇ ನಿಲ್ಲುತ್ತೆ, ಅಂಗಾಲಿಗೆ ಹೋಗೋದಿಲ್ಲ. ಇಡೀ ಪಾದವನ್ನು ಮುಷ್ಟಿಯಲ್ಲಿ ಹಿಡಿಯಬೇಡಿ.

ಗಾಯ ಇಲ್ಲದಿದ್ದರೂ ಕಾಲು ಮುಟ್ಟಿಸಿಕೊಳ್ಳದ ಕೋಳಿಗಳಿರುತ್ತವೆ. ಅವಕ್ಕೆ ಅಭ್ಯಾಸ ಮಾಡಿಸಬಹುದು. ಕೈಯಲ್ಲಿ ಕಾಳು ಹಿಡಿದು ತಿನ್ನಿಸುವಾಗ ಇನ್ನೊಂದು ಕೈಯಿಂದ ಬೆರಳನ್ನು ಒಂದು ಕ್ಷಣ ಮುಟ್ಟಿ ಬಿಡಿ. ನಾಳೆ ಎರಡು ಕ್ಷಣ. ನಮ್ಮ ಮೊಮ್ಮಗಳು ಕಡ್ಲೆಬೀಜದ ಚೂರು ಕೊಟ್ಟು ಕೊಟ್ಟು ಹೇಂಟೆಯ ಬಲಗಾಲನ್ನು ಹದಿನೈದು ದಿನದಲ್ಲಿ ಪಳಗಿಸಿದಳು. ನಾನು ಹೋರಿ ಪಳಗಿಸಿದವನು, ನನಗೆ ಅಷ್ಟು ತಾಳ್ಮೆ ಇಲ್ಲ.

ಎಷ್ಟು ಕತ್ತರಿಸಬೇಕು?

ಉಗುರಿನೊಳಗೆ ಸ್ವಲ್ಪ ದೂರದವರೆಗೆ ರಕ್ತನಾಳ ಮತ್ತು ನರ ಇರುವ ಜೀವಭಾಗ ಇದೆ. ಬಿಳಿ ಉಗುರಾದರೆ ಹಿಂದಿನಿಂದ ಬ್ಯಾಟರಿ ಬೆಳಕು ಬಿಟ್ಟಾಗ ಕೆಂಪಗೆ ಕಾಣುತ್ತೆ. ಅದು ಮುಗಿದ ಮೇಲೆ ಒಂದು ರಾಗಿಕಾಳಿನಷ್ಟು ಜಾಗ ಬಿಟ್ಟು ಕತ್ತರಿಸಬೇಕು. ಕರೀ ಉಗುರಲ್ಲಿ ಏನೂ ಕಾಣೋದಿಲ್ಲ. ಈಗ ನಮ್ಮ ಕಡೆಗೂ ಬಂದಿರುವ ಮಧ್ಯಪ್ರದೇಶದ ಝಾಬುವಾ ಕಡೆಯ ಕಡಕ್‌ನಾಥ್ ಕೋಳಿಗೆ ಮೈಯೆಲ್ಲ ಕಪ್ಪು, ಉಗುರೂ ಕಪ್ಪು. ಅಂಥದಕ್ಕೆ ತುದಿಯಿಂದ ಒಂದು ಮಿಲಿಮೀಟರ್ ಮಾತ್ರ ತೆಗೆದು, ಕತ್ತರಿಸಿದ ಮುಖ ನೋಡಿ. ಒಣಗಿದ ಹಾಗಿದ್ದರೆ ಇನ್ನಷ್ಟು ತೆಗೆಯಬಹುದು. ನಡುವೆ ಮೆತ್ತನೆ ಚುಕ್ಕೆ ಕಂಡರೆ ನಿಲ್ಲಿಸಿ.

ಬಹಳ ದಿನ ಬೆಳೆದ ಉಗುರಲ್ಲಿ ಜೀವಭಾಗವೂ ಜೊತೆಯಲ್ಲೇ ಉದ್ದ ಬಂದಿರುತ್ತೆ. ಒಂದೇ ಸಲಕ್ಕೆ ಸರಿಯಾದ ಅಳತೆಗೆ ತರೋಣ ಅಂದರೆ ಅದು ತುಂಡಾಗುತ್ತೆ. ಹತ್ತು ಹನ್ನೆರಡು ದಿನಕ್ಕೊಮ್ಮೆ ತುದಿ ತುದಿ ತೆಗೆಯುತ್ತಾ ಬಂದರೆ ಜೀವಭಾಗ ಮೆಲ್ಲಗೆ ಹಿಂದೆ ಸರಿಯುತ್ತೆ. ನಮ್ಮ ಹೇಂಟೆಗೆ ಐದು ಸಲ ಬೇಕಾಯಿತು. ಒಂದು ದಿನಕ್ಕೆ ಒಂದೇ ಕಾಲು. ನೋವಿಲ್ಲದ ಕಾಲನ್ನು ಮೊದಲು ಮಾಡಿ, ನಿಮ್ಮ ಕೈಗೂ ಅಳತೆ ಸಿಗುತ್ತೆ. ಕೋಳಿ ಸಮ ನೆಲದ ಮೇಲೆ ನಿಂತಾಗ ಉಗುರಿನ ತುದಿ ನೆಲಕ್ಕೆ ತಾಗಿಯೂ ತಾಗದ ಹಾಗಿದ್ದು, ಬೆರಳಿನ ಅಡಿ ಪೂರ್ತಿ ನೆಲಕ್ಕೆ ಕೂತರೆ ಅದೇ ಸರಿಯಾದ ಉದ್ದ.

ಕತ್ತರಿಯ ವಿಷಯ. ನಮ್ಮ ಉಗುರಿನ ನೇಲ್ ಕಟರ್ ಚಪ್ಪಟೆ ಉಗುರಿಗೆ ಮಾಡಿದ್ದು. ದುಂಡು ಉಗುರನ್ನು ಅದು ಕತ್ತರಿಸೋದಕ್ಕಿಂತ ಜಜ್ಜೋದು ಜಾಸ್ತಿ. ನಾಯಿ ಬೆಕ್ಕಿನ ಉಗುರಿಗೆ ಅಂತ ಬರುವ ಚಿಕ್ಕ ಕತ್ತರಿ ಒಳ್ಳೇದು. ದಾಳಿಂಬೆ ಸವರುವ ಸಿಕೇಟರ್ ಹರಿತವಾಗಿದ್ದು, ಬಿಸಿನೀರು ಸೋಪಲ್ಲಿ ತೊಳೆದಿದ್ದರೆ ದೊಡ್ಡ ಹುಂಜಕ್ಕೆ ನಡೆಯುತ್ತೆ. ನೋವು ಬಹಳ ಇರುವ ಕಾಲಿಗೆ ಕತ್ತರಿಗಿಂತ ಸಣ್ಣ ಅರ ವಾಸಿ. ಬೆರಳನ್ನು ಅಲುಗಾಡದ ಹಾಗೆ ಹಿಡಿದು ಒಂದೇ ದಿಕ್ಕಿಗೆ ಉಜ್ಜಬೇಕು. ಹೊತ್ತು ಹಿಡಿಯುತ್ತೆ, ಆದರೆ ರಕ್ತದ ಭಯ ಕಡಿಮೆ.

ಹುಂಜದ ಕಾಲಿನ ಮುಳ್ಳು ಬೇರೆ ವಿಷಯ. ಅದರೊಳಗೆ ಮೂಳೆಯೇ ಇದೆ. ಬಾಗಿ ಬಂದು ಕಾಲಿಗೇ ಚುಚ್ಚುವಂತಿದ್ದರೆ ತುದಿಯನ್ನಷ್ಟೇ ಅರದಿಂದ ಮೊಂಡು ಮಾಡಿ. ಬುಡಕ್ಕೆ ಆಕ್ಸಾ ಬ್ಲೇಡ್ ಹಾಕಿದರೆ ಕೈ ಕತ್ತರಿಸಿದಂತೆಯೇ ಲೆಕ್ಕ. ಬಿಸಿ ಆಲೂಗಡ್ಡೆ ಚುಚ್ಚಿಟ್ಟು ಮೇಲಿನ ಕವಚ ತಿರುಚಿ ಕೀಳುವ ಉಪಾಯವನ್ನು ಕೆಲವರು ಹೇಳುತ್ತಾರೆ. ಕವಚ ಬರುತ್ತೆ, ನಿಜ. ಅದರ ಅಡಿಯ ಹಸೀ ಮುಳ್ಳು ಎಷ್ಟೋ ದಿನ ನೋಯುತ್ತೆ. ಕಾಲು ಮೊದಲೇ ನೋಯುವ ಹುಂಜಕ್ಕೆ ಇದು ಬೇಡ ಅನ್ನೋದು ನನ್ನ ಅಭಿಪ್ರಾಯ.

ರಕ್ತ ಬಂದರೆ ಗಾಬರಿ ಬೀಳಬೇಡಿ. ಶುದ್ಧ ಬಟ್ಟೆಯಿಂದ ಉಗುರಿನ ತುದಿಯನ್ನು ಎರಡು ಮೂರು ನಿಮಿಷ ಬಿಡದೆ ಒತ್ತಿ ಹಿಡಿಯಿರಿ. ಆಮೇಲೆ ಮೈದಾ ಹಿಟ್ಟನ್ನೋ, ಕ್ಷೌರದವರ ಹತ್ತಿರ ಇರುತ್ತಲ್ಲ ಆ ಪಟಿಕದ ಪುಡಿಯನ್ನೋ ಒತ್ತಿ. ಪಟಿಕ ಉಗುರಿನ ತುದಿಗೆ ಮಾತ್ರ, ಅಂಗಾಲಿನ ಗಾಯಕ್ಕೆ ಹಾಕಿದರೆ ಉರಿ ತಡೆಯಲಾರದು. ಇವನ್ನು ಕತ್ತರಿ ಹಿಡಿಯೋ ಮುಂಚೆಯೇ ಪಕ್ಕದಲ್ಲಿ ಇಟ್ಟುಕೊಂಡಿರಬೇಕು. ರಕ್ತ ನಿಂತ ಮೇಲೂ ಆ ಕೋಳಿಯನ್ನು ಬೆಳಗಿನವರೆಗೆ ಬೇರೆ ಮಂಕರಿಯಲ್ಲಿ ಮುಚ್ಚಿಡಿ. ಕೆಂಪು ಕಂಡರೆ ಉಳಿದ ಕೋಳಿಗಳು ಕುಕ್ಕದೆ ಬಿಡೋದಿಲ್ಲ. ಕುಕ್ಕಿ ಕುಕ್ಕಿ ಕೊಂದೇ ಹಾಕುವುದುಂಟು.

ಪಂಜರದ ಹಕ್ಕಿ

ಪೇಟೆಯ ನೆಂಟರ ಮನೆಗಳಲ್ಲಿ ಈಗ ಲವ್ ಬರ್ಡ್ಸ್ ಅಂತ ಸಾಕುತ್ತಾರೆ. ಹೆಚ್ಚಿನವು ಆಸ್ಟ್ರೇಲಿಯಾ ಮೂಲದ ಬಜರಿಗರ್. ನಮ್ಮ ಹೊಲದ ಗಿಳಿಯನ್ನು ಹಿಡಿಯೋದೂ ಸಾಕೋದೂ 1972ರ ವನ್ಯಜೀವಿ ಕಾಯ್ದೆಯಲ್ಲಿ ಅಪರಾಧ, ಅದರ ಮಾತು ಇಲ್ಲಿ ಬೇಡ. ಬಜರಿಗರ್ ಹಕ್ಕಿ 30-40 ಗ್ರಾಂ ತೂಗುತ್ತೆ. ಅದರ ಮೈಯಲ್ಲಿರುವ ರಕ್ತ ತೂಕದ ಸುಮಾರು ಹತ್ತರಲ್ಲಿ ಒಂದು ಪಾಲು, ಅಂದರೆ ಮೂರು ನಾಲ್ಕು ಮಿಲಿಲೀಟರ್. ಅದರಲ್ಲೂ ಹತ್ತರಲ್ಲಿ ಒಂದು ಪಾಲು ಹೋದರೆ ಹೇಗೋ ತಡೆಯುತ್ತೆ, ಅದು ಬರೀ ಏಳೆಂಟು ಹನಿ. ಕೋಳಿಗೆ ಲೆಕ್ಕವೇ ಅಲ್ಲದ ರಕ್ತ ಈ ಹಕ್ಕಿಗೆ ಪ್ರಾಣ. ನಮ್ಮ ನೆಂಟರೊಬ್ಬರ ಮನೆಯಲ್ಲಿ ರಾತ್ರಿ ನೇಲ್ ಕಟರ್ ಹಾಕಿ, ಒಂದು ಉಗುರಿಂದ ರಕ್ತ ಬಂದದ್ದನ್ನು ಒರಸಿ ಪಂಜರಕ್ಕೆ ಬಿಟ್ಟರು. ಬೆಳಗ್ಗೆ ಹಕ್ಕಿ ತಟ್ಟೆಯಲ್ಲಿ ಬಿದ್ದಿತ್ತು. ಇಷ್ಟು ಚಿಕ್ಕ ಹಕ್ಕಿಗೆ ಅರ ಮಾತ್ರ ಬಳಸಿ, ಇಲ್ಲ ಡಾಕ್ಟರ ಹತ್ತಿರ ಒಯ್ಯಿರಿ. ಹಾಗಂತ ಬಿಡಲೂ ಆಗದು. ಉದ್ದ ಉಗುರು ತಂತಿಗೋ ಬಟ್ಟೆಯ ನೂಲಿಗೋ ಸಿಕ್ಕಿ, ಹಕ್ಕಿ ನೇತಾಡಿ ಕಾಲು ಮುರಿದುಕೊಳ್ಳುತ್ತೆ. ಉಗುರಿನ ಜೊತೆ ಕೊಕ್ಕೂ ಬೇಗ ಬೇಗ ಬೆಳೆಯುತ್ತಿದ್ದರೆ ಲಿವರ್ ಕೆಟ್ಟಿರಬಹುದು, ತೋರಿಸಬೇಕು.

ಈ ಹಕ್ಕಿಗಳ ಅಂಗಾಲು ಕೆಡಲು ಪಂಜರದ ನುಣುಪು ಪ್ಲಾಸ್ಟಿಕ್ ಕೋಲು ಮುಖ್ಯ ಕಾರಣ. ಹಗಲೂ ರಾತ್ರಿ ಒಂದೇ ದಪ್ಪದ ಕೋಲು ಹಿಡಿದರೆ ಅಂಗಾಲಿನ ಒಂದೇ ಜಾಗ ಒತ್ತುತ್ತೆ. ಉಗುರು ಸವೆಯಲಿ ಅಂತ ಅದಕ್ಕೆ ಉಪ್ಪುಕಾಗದ ಸುತ್ತುವವರಿದ್ದಾರೆ. ಸವೆಯೋದು ಉಗುರಲ್ಲ, ಅಂಗಾಲು. ಸೀಬೆಯದೋ ಬೇವಿನದೋ ಹಸೀ ಕೊಂಬೆಯನ್ನು ಸಿಪ್ಪೆ ಸಮೇತ, ಒಂದು ಸಣ್ಣದು ಒಂದು ದಪ್ಪದ್ದು ಹಾಕಿದರೆ ಎರಡೂ ಸರಿಹೋಗುತ್ತೆ. ಇವಕ್ಕೆ ಪೊಟ್ಟಣದಲ್ಲಿ ಬರುವ ಕಾಳು ನಮ್ಮ ನವಣೆಯೇ. ನಾವು ಬಿತ್ತೋದು ಬಿಟ್ಟ ಬೆಳೆಯನ್ನು ಪೇಟೆ ಹಕ್ಕಿ ದುಡ್ಡು ಕೊಟ್ಟು ತಿನ್ನುತ್ತಿದೆ! ಆದರೆ ಬರೀ ನವಣೆಯಲ್ಲಿ ಎ ಜೀವಸತ್ವ ಸಾಲದು. ಅದು ಕಡಿಮೆಯಾದರೆ ಅಂಗಾಲಿನ ಚರ್ಮ ತೆಳ್ಳಗಾಗಿ ಬೇಗ ಒಡೆಯುತ್ತೆ. ಕೋಳಿಗೂ ಇದೇ ಮಾತು. ಬಿಳಿಜೋಳ, ನುಚ್ಚು ತಿಂದೇ ಬೆಳೆದ ಕೋಳಿಗೆ ನುಗ್ಗೆಸೊಪ್ಪು, ಪರಂಗಿಹಣ್ಣಿನ ಸಿಪ್ಪೆ, ಹಳದಿ ಮುಸುಕಿನ ಜೋಳದ ನುಚ್ಚು ಕೊಡಿ. ನುಗ್ಗೆ ನಮ್ಮ ಬೇಸಿಗೆಯಲ್ಲೂ ಹಸಿರಾಗಿರುತ್ತೆ, ಬೇರೆ ಹುಡುಕಬೇಕಾಗಿಲ್ಲ.

ಇನ್ನು ಕೋಳಿ ಮಲಗುವ ಅಟ್ಟಣೆ. ಎರಡು ಅಂಗುಲ ಅಗಲದ, ಅಂಚು ದುಂಡು ಮಾಡಿದ ಪಟ್ಟಿ, ಮೊಣಕಾಲಿಗಿಂತ ಎತ್ತರ ಬೇಡ. ಇಳಿಯುವ ಜಾಗದಲ್ಲಿ ಕಡ್ಲೆಕಾಯಿ ಹೊಟ್ಟೋ ರಾಗಿಹುಲ್ಲೋ ನಾಲ್ಕು ಬೆರಳು ದಪ್ಪ ಹಾಸಿ, ಒದ್ದೆಯಾದ ದಿನವೇ ತೆಗೆದು ಬೇರೆ ಹಾಕಿ. ಕಾಲು ಮಾಗಿದ ಮೇಲೆ ಕೆರೆಯೋದಕ್ಕೆ ಜಾಗ ಕೊಡಿ. ಹಿತ್ತಲಲ್ಲಿ ಒಂದು ಮಂಚದಷ್ಟು ಜಾಗದ ಮುಳ್ಳನ್ನೆಲ್ಲ ಆರಿಸಿ, ದಪ್ಪ ಮರಳು ಬೆರೆತ ಕೆಮ್ಮಣ್ಣು ಹಾಕಿ, ಅದರ ಮೇಲೆ ಒಂದು ಮಂಕರಿ ತಿಪ್ಪೆಗೊಬ್ಬರ ಹರಡಿದ್ದೇನೆ. ಸಂಜೆ ಒಂದು ಹಿಡಿ ಕಾಳನ್ನು ಅದರೊಳಗೆ ಕಲಸಿ ಬಿಡುತ್ತೇನೆ, ಹುಡುಕಲಿ ಅಂತ. ಮಣ್ಣು ಗಟ್ಟಿಯಾದರೆ ಗುದ್ದಲಿಯಲ್ಲಿ ಸಡಿಲ ಮಾಡಬೇಕು, ಮಳೆ ಬಂದ ಮಾರನೇ ದಿನ ಬಿಡಬಾರದು. ಈ ಜಾಗ ಮಾಡಿದ ಮೇಲೆ ನಮ್ಮ ಹೇಂಟೆಯ ಮುಂದಿನ ಮೂರು ಉಗುರಿಗೆ ಕತ್ತರಿ ಬೇಕಾಗಿಲ್ಲ. ಹಿಂದಿನ ಬೆರಳು ನೆಲ ಕೆರೆಯೋದಿಲ್ಲವಲ್ಲ, ಅದರ ಉಗುರಿಗೆ ಮಾತ್ರ ಎರಡು ತಿಂಗಳಿಗೊಮ್ಮೆ ಅರ ಹಾಕುತ್ತೇನೆ.